ನಮ್ಮ ಮಾಂಸಖಂಡಗಳು
(ಶ್ರೀಮಠದ ಮಹೋತ್ಸವದ ಸಭೆಯಲ್ಲಿ ಮಾಡಿದ ಉಪನ್ಯಾಸ)

ಇಂಥ ಮಹೋತ್ಸವದಲ್ಲಿ ಧರ್ಮವನ್ನು ಕುರಿತು, ಸಾಹಿತ್ಯವನ್ನು ಕುರಿತು ಮಾತನಾಡಬಲ್ಲ ವಿದ್ವಾಂಸರು ಬೇಕಾದಷ್ಟು ಮಂದಿ ಇರುವರು. ನಾನಾದರೋ ವೈದ್ಯವೃತ್ತಿಯಲ್ಲಿ ಆಯುಷ್ಯದ ಬಹುಭಾಗವನ್ನು ಕಳೆದವನು. ಶರೀರದ ವಿಷಯವಾಗಿ ಜನರಿಗೆ ತಿಳಿಯುವಂತೆ ನಾಲ್ಕು ಮಾತು ಹೇಳಬೇಕೆಂದು ಅಪ್ಪಣೆಯಾದುದರಿಂದ, ನಮ್ಮೆಲ್ಲರ ಎಲುಬುಗಳನ್ನು ಆಡಿಸುವ ಮಾಂಸಖಂಡಗಳ ವಿಚಾರವನ್ನು ಆರಿಸಿಕೊಂಡಿದ್ದೇನೆ. ಆರಿಸಿಕೊಳ್ಳಲು ಕಾರಣವೂ ಉಂಟು. ಅದನ್ನು ಮೊದಲು ಅರಿಕೆ ಮಾಡುತ್ತೇನೆ.

ನಾಲ್ಕು ವರ್ಷಗಳ ಹಿಂದೆ ನಮ್ಮ ತಾಯಿಯವರು ಜಗಳೂರು ಸೀಮೆಯ ನಮ್ಮ ಹಳ್ಳಿಯ ಮನೆಯ ಅಂಗಳದಲ್ಲಿ ಜಾರಿಬಿದ್ದರು. ಆಗ ಅವರಿಗೆ ಎಪ್ಪತ್ತಾರು ವರ್ಷ. ಮುಂಗೈಯ ಎಲುಬು ಸ್ವಲ್ಪ ಬಿರುಕು ಬಿಟ್ಟಿತ್ತು. ಅದರ ಬೆನ್ನಿಗೇ ನಾಲ್ಕು ದಿನ ಜ್ವರವೂ ಬಂದಿತು. ಮಕ್ಕಳೂ ಸೊಸೆಯಂದಿರೂ ಕೂಡಿ ಅವರನ್ನು ಮಂಚದಿಂದ ಇಳಿಯಗೊಡಲಿಲ್ಲ. ಊಟ ಮಂಚಕ್ಕೆ, ನೀರು ಮಂಚಕ್ಕೆ. ವೈದ್ಯನಾದ ನಾನೇ ಎಲ್ಲರಿಗಿಂತ ಮುಂದಾಗಿ, “ಅವ್ವಾ, ನೀನು ಏಳಬೇಡ, ಸುಮ್ಮನೆ ಮಲಗಿಕೋ” ಎಂದು ಕಟ್ಟಪ್ಪಣೆ ಮಾಡಿದೆನು. ಐದು ವಾರಗಳು ಕಳೆದವು. ಕೈಯ ಕಟ್ಟು ಬಿಚ್ಚಿದ ದಿನ ಎದ್ದು ನಿಲ್ಲೆಂದರೆ ಅವರಿಂದ ಆಗಲಿಲ್ಲ. ಮುರಿದಿದ್ದುದು ಕೈ, ನಿಲ್ಲಲಾರದೆ ಹೋದುದು ಕಾಲು. “ಕಾಲು ನನ್ನ ಮಾತು ಕೇಳ್ತಿಲ್ಲಪ್ಪಾ” ಎಂದು ಅವರು ಕಣ್ಣೀರು ತಂದುಕೊಂಡರು. ನಾನು ಪುಸ್ತಕದಲ್ಲಿ ಓದಿದ್ದನ್ನು, ಪರರ ಮನೆಯ ರೋಗಿಗಳಿಗೆ ಹೇಳುತ್ತಿದ್ದುದನ್ನು, ಸ್ವಂತ ತಾಯಿಯ ವಿಷಯದಲ್ಲಿ ಮಮತೆಯ ದೆಸೆಯಿಂದ ಮರೆತಿದ್ದೆನು. ಆ ತಪ್ಪು ಏನೆಂಬುದು ತಿಳಿಯಬೇಕಾದರೆ ಮಾಂಸಖಂಡದ ರಚನೆಯನ್ನು ಸ್ವಲ್ಪ ಅರಿಯಬೇಕು.

ನಮ್ಮ ಹಿರಿಯರು ಕಾಲಿನ ಹಿಂಭಾಗದ ಉಬ್ಬಿದ ಕಂಡವನ್ನು ಮೀನಖಂಡವೆಂದು ಕರೆದರು. ನಡುವೆ ತೋರ, ಎರಡು ತುದಿಗಳಲ್ಲಿ ಸಪುರ. ನಡೆಯುವಾಗ ಚರ್ಮದ ಕೆಳಗೆ ಮೀನು ಹೊರಳಿದಂತೆಯೇ ತೋರುವುದು. ಲ್ಯಾಟಿನ್ ಭಾಷೆಯವರಿಗೆ ಅದು ಸಣ್ಣ ಇಲಿಯಂತೆ ಕಂಡಿತು. ಇಂಗ್ಲಿಷಿನವರ ‘ಮಸಲ್’ ಎಂಬ ಮಾತು ಆ ಇಲಿಯಿಂದಲೇ ಬಂದುದು. ನನಗೆ ನಮ್ಮವರ ಮೀನೇ ಹೆಚ್ಚು ಒಪ್ಪುತ್ತದೆ. ಸುಶ್ರುತ ಸಂಹಿತೆಯು ಇವುಗಳನ್ನು ಪೇಶಿಗಳೆಂದು ಕರೆದು ಐನೂರೆಂದು ಎಣಿಸಿದೆ. ಇಂದಿನ ಶರೀರಶಾಸ್ತ್ರದ ಎಣಿಕೆ ಆರುನೂರನ್ನು ಮೀರುವುದು. ಪ್ರಾಚೀನರ ಎಣಿಕೆ ಅಷ್ಟು ಹತ್ತಿರ ಬಂದುದೇ ಸೋಜಿಗ. ಆರೋಗ್ಯವಂತನಾದ ಗಂಡಸಿನ ದೇಹದ ತೂಕದಲ್ಲಿ ನೂರಕ್ಕೆ ಸುಮಾರು 40 ಭಾಗ ಇವುಗಳದೇ. ಹೆಂಗಸರಲ್ಲಿ ಇದಕ್ಕಿಂತ ಸ್ವಲ್ಪ ಕಡಮೆ. ಗುಂಡಿಗೆಯದೂ ಕರುಳಿನದೂ ಮಾಂಸವೇ ಆದರೂ ಅವು ನಮ್ಮ ಇಚ್ಛೆಗೆ ಒಳಪಟ್ಟವಲ್ಲ; ಅವುಗಳ ಮಾತು ಇಂದು ಬೇಡ.

ಪುಂಡಿನಾರಿನ ಹಗ್ಗವನ್ನು ಬಿಚ್ಚಿ ನೋಡಿದವರಿಗೆ ಮಾಂಸಖಂಡದ ರಚನೆ ಸುಲಭವಾಗಿ ತಿಳಿಯುವುದು. ಹಗ್ಗದಲ್ಲಿ ಹುರಿಗಳು, ಹುರಿಯಲ್ಲಿ ಎಳೆಗಳು, ಎಳೆಯಲ್ಲಿ ನಾರುಗಳು. ಹಾಗೆಯೇ ಇಡೀ ಖಂಡವನ್ನು ಒಂದು ಬಿಳಿಯ ಪೊರೆ ಸುತ್ತಿರುವುದು. ಅದರೊಳಗೆ ಕಟ್ಟುಗಳು, ಕಟ್ಟಿನೊಳಗೆ ಎಳೆಗಳು. ಈ ಪೊರೆಗಳೆಲ್ಲ ತುದಿಯಲ್ಲಿ ಒಂದುಗೂಡಿ ಗಟ್ಟಿಯಾದ ಕಂಡರವಾಗಿ ಎಲುಬಿಗೆ ಬೆಸೆದುಕೊಳ್ಳುವುವು. ಹಿಮ್ಮಡಿಯ ಮೇಲೆ ಕೈಯಿಟ್ಟರೆ ಅಂಥದೊಂದು ಕಂಡರ ಬಿಲ್ಲಿನ ಹೆದೆಯಂತೆ ತಾಕುವುದು. ಒಂದೊಂದು ಎಳೆಯೂ ಒಂದೇ ಜೀವಕೋಶ. ದಪ್ಪದಲ್ಲಿ ತಲೆಗೂದಲಿನಷ್ಟು ಅಥವಾ ಅದಕ್ಕಿಂತ ಸಣ್ಣದಾದರೂ, ಉದ್ದದಲ್ಲಿ ಹಲವು ಸೆಂಟಿಮೀಟರುಗಳವರೆಗೆ ಹಬ್ಬಿರುವುದುಂಟು. ಬೇರೆ ಕೋಶಗಳಿಗೆ ಸಾಮಾನ್ಯವಾಗಿ ಒಂದೇ ಬೀಜಕೇಂದ್ರವಿದ್ದರೆ ಈ ಎಳೆಗೆ ನೂರಾರು.

ಎಳೆಯ ಒಳಗೆ ಇನ್ನೂ ಸೂಕ್ಷ್ಮವಾದ ತಂತುಗಳು ನೂರಾರು ಸಾವಿರಾರು ಒತ್ತಾಗಿ ನಿಂತಿರುವುವು. ಸೂಕ್ಷ್ಮದರ್ಶಕದಲ್ಲಿ ನೋಡಿದರೆ ಅವುಗಳ ಮೇಲೆ ಕಪ್ಪು ಬಿಳುಪು ಅಡ್ಡಪಟ್ಟೆಗಳು ಕಾಣುವುವು. ವಿಲಿಯಂ ಬೌಮನ್ ಎಂಬ ಆಂಗ್ಲ ವೈದ್ಯನು 1840ರಲ್ಲಿ ಈ ಪಟ್ಟೆಗಳನ್ನು ವಿವರವಾಗಿ ವರ್ಣಿಸಿದನು. ಅವುಗಳ ಅರ್ಥ ತಿಳಿಯಲು ಮಾತ್ರ ಮತ್ತೆ ನೂರು ವರ್ಷಗಳಿಗೂ ಮಿಗಿಲಾಗಿ ಕಾಯಬೇಕಾಯಿತು. ಪಟ್ಟೆಯಿಂದ ಪಟ್ಟೆಗೆ ಇರುವ ಒಂದು ಕಣ್ಣಿಗೆ ಸಾರ್ಕೋಮಿಯರ್ ಎಂದು ಹೆಸರು. ಮಿಲಿಮೀಟರನ್ನು ಸಾವಿರ ಪಾಲು ಮಾಡಿದರೆ ಅದರಲ್ಲಿ ಎರಡು ಎರಡೂವರೆ ಪಾಲು ಅದರ ಉದ್ದ. ಎಂದರೆ ಒಂದೇ ಸೆಂಟಿಮೀಟರ್ ತಂತುವಿನಲ್ಲಿ ಸರಪಣಿಯ ಕೊಂಡಿಗಳಂತೆ ನಾಲ್ಕು ಸಾವಿರಕ್ಕೂ ಹೆಚ್ಚು ಕಣ್ಣುಗಳು ಸಾಲಾಗಿ ಕೂಡಿಕೊಂಡಿರುವುವು.

ಈಗ ಮಾಂಸಖಂಡವು ಕುಗ್ಗುವುದು ಹೇಗೆ? ಇದಕ್ಕೆ ನಮ್ಮ ಜಾತ್ರೆಯ ತೇರಿಗಿಂತ ಉತ್ತಮವಾದ ದೃಷ್ಟಾಂತ ನನಗೆ ಹೊಳೆಯದು. ತೇರು ಎಳೆಯುವಾಗ ಹಗ್ಗವೇನು ಕುಗ್ಗುವುದಿಲ್ಲ. ಎಳೆಯುವ ಭಕ್ತರ ಕೈಗಳೂ ಗಿಡ್ಡವಾಗುವುದಿಲ್ಲ. ಒಬ್ಬನು ಹಿಡಿದು ಸೆಳೆಯುವನು, ಹಿಡಿತ ಬಿಟ್ಟು ಮುಂದಕ್ಕೆ ಕೈಯಿಕ್ಕುವನು, ಮತ್ತೆ ಸೆಳೆಯುವನು. ಎಲ್ಲರೂ ಒಂದೇ ಗಳಿಗೆಯಲ್ಲಿ ಕೈಬಿಟ್ಟರೆ ಹಗ್ಗ ಹಿಂದಕ್ಕೆ ಸರಿದೀತು. ಆದುದರಿಂದ ಕೆಲವರು ಬಿಡುವಾಗ ಕೆಲವರು ಹಿಡಿದೇ ಇರುವರು. ಮಾಂಸತಂತುವಿನ ಒಂದೊಂದು ಕಣ್ಣಿನಲ್ಲಿಯೂ ಇದೇ ನಡೆಯುವುದು. ಅಲ್ಲಿ ಮಯೋಸಿನ್ ಎಂಬ ಪ್ರೋಟೀನಿನ ದಪ್ಪ ಸರಿಗೆಗಳೂ ಆಕ್ಟಿನ್ ಎಂಬ ಪ್ರೋಟೀನಿನ ತೆಳುವಾದ ಸರಿಗೆಗಳೂ ಒಂದರ ನಡುವೆ ಒಂದು ಸೇರಿಕೊಂಡಿರುವುವು. ದಪ್ಪ ಸರಿಗೆಯ ಮೈಯಿಂದ ನೂರಾರು ಪುಟ್ಟ ತಲೆಗಳು ಹೊರಚಾಚಿ, ತೆಳು ಸರಿಗೆಯನ್ನು ಹಿಡಿದು ಸೆಳೆಯುವುವು. ಯಾವ ಸರಿಗೆಯೂ ಕುಗ್ಗದೆ, ಒಂದು ಇನ್ನೊಂದರ ಪಕ್ಕದಲ್ಲಿ ಜಾರುವುದರಿಂದ ಕಣ್ಣು ಗಿಡ್ಡವಾಗುವುದು. ಸಾವಿರಾರು ಕಣ್ಣುಗಳು ಒಟ್ಟಿಗೆ ಗಿಡ್ಡವಾದಾಗ ಮೊಣಕೈ ಮಡಿಸುವುದು, ಕೊಡ ಮೇಲೇಳುವುದು. ಈ ತತ್ತ್ವವನ್ನು 1954ರಲ್ಲಿ ಆಂಡ್ರೂ ಹಕ್ಸ್‌ಲಿ ಮತ್ತು ನೀಡರ್‌ಗೆರ್ಕೆ ಎಂಬವರೂ, ಅವರಿಂದ ಬೇರೆಯಾಗಿ ಹ್ಯೂ ಹಕ್ಸ್‌ಲಿ ಮತ್ತು ಜೀನ್ ಹ್ಯಾನ್ಸನ್ ಎಂಬವರೂ ಒಂದೇ ಪತ್ರಿಕೆಯ ಒಂದೇ ಸಂಚಿಕೆಯಲ್ಲಿ ಪ್ರಕಟಿಸಿದರು. ಹೆಸರು ಒಂದೇ ಆದರೂ ಆ ಇಬ್ಬರು ಹಕ್ಸ್‌ಲಿಗಳು ಬಂಧುಗಳಲ್ಲ.

ತೇರಿಗೆ ಅಪ್ಪಣೆಯಾಗುವವರೆಗೆ ಹಗ್ಗ ಮುಟ್ಟುವಂತಿಲ್ಲ. ಇಲ್ಲಿಯೂ ಅಂಥ ಕಟ್ಟಳೆ ಉಂಟು. ವಿಶ್ರಾಂತಿಯಲ್ಲಿರುವಾಗ ತೆಳು ಸರಿಗೆಯ ಮೇಲೆ ಹಿಡಿಯುವ ತಾವುಗಳನ್ನು ಮತ್ತೊಂದು ಪ್ರೋಟೀನು ಮುಚ್ಚಿರುವುದು. ಮಿದುಳಿನಿಂದ ಹೊರಟ ಆಜ್ಞೆಯು ಬೆನ್ನುಹುರಿಯನ್ನು ದಾಟಿ ನರದ ಮೂಲಕ ಎಳೆಯನ್ನು ಮುಟ್ಟಿದೊಡನೆ, ಎಳೆಯೊಳಗಿನ ಚೀಲಗಳಲ್ಲಿ ಕೂಡಿಟ್ಟಿದ್ದ ಕ್ಯಾಲ್ಸಿಯಂ ಹೊರಕ್ಕೆ ಸುರಿಯುವುದು. ಅದು ತಾಕಿದಾಗ ಮುಚ್ಚಳ ಪಕ್ಕಕ್ಕೆ ಸರಿಯುವುದು, ತಲೆಗಳು ಹಿಡಿಯುವುವು. ಆಜ್ಞೆ ನಿಂತರೆ ಕ್ಯಾಲ್ಸಿಯಂ ಮರಳಿ ಚೀಲ ಸೇರುವುದು, ಖಂಡ ಸಡಿಲವಾಗುವುದು.

ಇಲ್ಲಿ ಒಂದು ವಿಚಿತ್ರವನ್ನು ಗಮನಿಸಬೇಕು. ಎಟಿಪಿ ಎಂಬ ಶಕ್ತಿಯ ಕಣವು ಮಯೋಸಿನ್ನಿನ ತಲೆಗೆ ಸೆಳೆಯುವ ಬಲವನ್ನು ಕೊಡುವುದಷ್ಟೇ ಅಲ್ಲ. ಹಿಡಿದುದನ್ನು ಬಿಡಬೇಕಾದರೂ ಅದೇ ಬೇಕು. ಸತ್ತ ಎತ್ತು ಕೆಲವು ಗಂಟೆಗಳಲ್ಲಿ ಮರದಂತೆ ಸೆಟೆಯುವುದನ್ನು ಒಕ್ಕಲಿಗರೆಲ್ಲರೂ ಕಂಡಿರುವರು. ಉಸಿರು ನಿಂತ ಮೇಲೆ ಎಟಿಪಿ ಮುಗಿದುಹೋಗಿ, ಹಿಡಿದ ತಲೆಗಳು ಹಿಡಿದಂತೆಯೇ ಉಳಿದುಬಿಡುವುವು. ಅದೇ ಆ ಸೆಟೆತ. ಒಂದೆರಡು ದಿನಗಳಲ್ಲಿ ಸರಿಗೆಗಳೇ ಕೊಳೆಯಲು ತೊಡಗಿ ಮತ್ತೆ ಮೆತ್ತಗಾಗುವುದು. ಕೈಬಿಡುವುದಕ್ಕೂ ಶಕ್ತಿ ಬೇಕೆಂಬ ಮಾತನ್ನು ಮಠದಲ್ಲಿ ನಾನು ವಿಸ್ತರಿಸಬೇಕಾಗಿಲ್ಲ. ಅದು ಸ್ವಾಮಿಗಳವರ ಪ್ರಾಂತ.

ಎಟಿಪಿಯ ಸಂಗ್ರಹ ಬಹಳ ಸ್ವಲ್ಪ. ಬಿರುಸಾದ ಕೆಲಸದಲ್ಲಿ ಎರಡು ಮೂರು ಸೆಕೆಂಡುಗಳಿಗೆ ಸಾಕಾದೀತು. ಬೆನ್ನಿಗೆ ಕ್ರಿಯಾಟಿನ್ ಫಾಸ್ಫೇಟ್ ಎಂಬ ಮೀಸಲು ಉಂಟು. ಅದು ಹತ್ತು ಸೆಕೆಂಡುಗಳ ಮಾತು. ಆಮೇಲೆ ಖಂಡದಲ್ಲಿಯೇ ಕೂಡಿಟ್ಟ ಸಕ್ಕರೆಯ ಅಂಶವು ಗಾಳಿಯ ನೆರವಿಲ್ಲದೆ ಒಂದೆರಡು ನಿಮಿಷ ಒದಗುವುದು. ಅದಕ್ಕೂ ಹೆಚ್ಚು ಹೊತ್ತಿನ ಕೆಲಸಕ್ಕೆ ಉಸಿರಿನಿಂದ ಬಂದ ಪ್ರಾಣವಾಯುವಿನಲ್ಲಿ ಸಕ್ಕರೆಯೂ ಕೊಬ್ಬೂ ಉರಿಯಲೇಬೇಕು. ಜಾತ್ರೆಯಲ್ಲಿ ಗುಂಡು ಎತ್ತುವವನ ಕೆಲಸ ಕ್ಷಣದ್ದು. ಬೆಳಗಿನಿಂದ ಬೈಗಿನವರೆಗೆ ಹೂಡಿದ ಎತ್ತಿನ ಕೆಲಸ ದಿನದ್ದು. ಎರಡಕ್ಕೂ ತಕ್ಕಂತೆ ಎಳೆಗಳಲ್ಲಿ ಜಾತಿಗಳುಂಟು. ಕೆಲವು ನಿಧಾನವಾಗಿ ಸೆಳೆದರೂ ದಣಿಯದ ಕೆಂಪೆಳೆಗಳು, ಕೆಲವು ಬಿರುಸಾಗಿ ಸೆಳೆದು ಬೇಗ ಬಳಲುವ ಬಿಳುಪೆಳೆಗಳು, ನಡುವಣವೂ ಉಂಟು. ಎಲ್ಲರ ಮೈಯಲ್ಲಿಯೂ ಇವು ಬೆರೆತೇ ಇರುವುವು. ಹಗುರವಾದ ಕೆಲಸಕ್ಕೆ ಮೊದಲು ದಣಿಯದ ಎಳೆಗಳನ್ನೇ ನರಮಂಡಲವು ಕರೆಯುವುದು. ಭಾರ ಹೆಚ್ಚಿದಂತೆಲ್ಲ ಬಿರುಸಿನವನ್ನು ಒಂದೊಂದಾಗಿ ಎಬ್ಬಿಸುವುದು. ಈ ಮಾತು ನೆನಪಿನಲ್ಲಿರಲಿ, ಮುಂದೆ ಬೇಕಾಗುವುದು.

ಮಾಂಸಖಂಡವು ಎಳೆಯಬಲ್ಲುದೇ ಹೊರತು ತಳ್ಳಲಾರದು. ಆದುದರಿಂದ ಮಡಿಸುವುದಕ್ಕೊಂದು, ಚಾಚುವುದಕ್ಕೊಂದು ಎಂದು ಜೋಡಿಯಾಗಿ ಇರುವುವು. ಭಾರವನ್ನು ಎತ್ತುವಾಗ ಮಾತ್ರವಲ್ಲದೆ ಇಳಿಸುವಾಗಲೂ ಅವು ದುಡಿಯುವುವು; ಎಳೆಯುತ್ತಿದ್ದಂತೆಯೇ ಉದ್ದವಾಗುತ್ತ ಹೋಗುವುವು. ಈ ಬಗೆಯ ದುಡಿಮೆಯೇ ಹೆಚ್ಚು ನೋವು ತರುವುದು. ಭದ್ರಾ ಕಾಲುವೆಯ ನೀರು ಬರುವ ಚನ್ನಗಿರಿ ಹೊನ್ನಾಳಿಗಳ ಗದ್ದೆಗಳಲ್ಲಿ ನಾಟಿಗೆ ಇಳಿದ ಹೆಣ್ಣುಮಕ್ಕಳನ್ನು ಕೇಳಿರಿ. ಬಾಗಿ ಬಾಗಿ ದುಡಿದ ಮೊದಲನೆಯ ದಿನ ಅಷ್ಟಾಗಿ ತಿಳಿಯದು, ಎರಡನೆಯ ಮೂರನೆಯ ದಿನ ತೊಡೆಯ ಹಿಂಭಾಗವೂ ಸೊಂಟವೂ ಹಿಡಿದುಕೊಳ್ಳುವುವು, ವಾರದಲ್ಲಿ ಇಳಿಯುವುವು. ಲ್ಯಾಕ್ಟಿಕ್ ಆಮ್ಲ ನಿಂತುಬಿಡುವುದರಿಂದ ಈ ನೋವೆಂದು ನಾನು ಓದುತ್ತಿದ್ದಾಗ ಉಪಾಧ್ಯಾಯರು ಹೇಳುತ್ತಿದ್ದರು. ಅದು ಸರಿಯಲ್ಲ. ಆ ಆಮ್ಲವು ಗಂಟೆಯೊಂದೆರಡರಲ್ಲಿ ತೊಲಗಿಹೋಗುವುದು. ನೋವಿಗೆ ಕಾರಣ ಸೂಕ್ಷ್ಮ ಸರಿಗೆಗಳಲ್ಲಿ ಉಂಟಾದ ಚಿಕ್ಕ ಹರಕುಗಳು ಮತ್ತು ಅವುಗಳ ರಿಪೇರಿಯ ಕೋಲಾಹಲ. ಎಳೆಯ ಅಂಚಿನಲ್ಲಿ ನಿದ್ರಿಸುತ್ತಿರುವ ಕೆಲವು ಕೋಶಗಳು ಆಗ ಎಚ್ಚೆತ್ತು, ಬೆಳೆದು, ಹರಿದ ಎಳೆಗೆ ಬೆಸೆದುಕೊಳ್ಳುವುವು. ಇವುಗಳನ್ನು ಅಲೆಕ್ಸಾಂಡರ್ ಮೌರೊ ಎಂಬವರು 1961ರಲ್ಲಿ ಗುರುತಿಸಿದರು. ಸುಧಾರಿಸಿಕೊಂಡ ಖಂಡವು ಮುಂದಿನ ಸಲ ಅದೇ ದುಡಿಮೆಗೆ ಅಷ್ಟು ನೋಯದು.

ಇದೇ ಹೊಂದಾಣಿಕೆಯ ಆರಂಭ. ಗರಡಿಮನೆಯ ಉಸ್ತಾದರು ಇದನ್ನು ಶಾಸ್ತ್ರದವರಿಗಿಂತ ಬಹಳ ಮೊದಲೇ ಬಲ್ಲವರಾಗಿದ್ದರು. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು (1126–1138) ಸಂಸ್ಕೃತದಲ್ಲಿ ರಚಿಸಿದ ಮಾನಸೋಲ್ಲಾಸವೆಂಬ ಗ್ರಂಥದಲ್ಲಿ ಮಲ್ಲರ ವಿನೋದಕ್ಕೆ ಒಂದು ಭಾಗವೇ ಮೀಸಲಾಗಿದೆ. ಭಾರವನ್ನೆತ್ತುವ ಭಾರಶ್ರಮ, ನಡೆದಾಡುವ ಭ್ರಮಣಶ್ರಮ, ನೀರಿನಲ್ಲಿ ಮಾಡುವ ಸಲಿಲಶ್ರಮ, ಕಂಬವನ್ನು ಹಿಡಿದು ಮಾಡುವ ಸ್ತಂಭಶ್ರಮ ಮೊದಲಾದ ಅಭ್ಯಾಸಗಳನ್ನು ಅದರಲ್ಲಿ ಬೇರೆ ಬೇರೆಯಾಗಿ ಹೇಳಿದೆ. ಬಲಕ್ಕೆ ಬೇರೆ ಸಾಧನೆ, ಉಸಿರಿಗೆ ಬೇರೆ ಸಾಧನೆ ಎಂಬ ತಿಳಿವಳಿಕೆ ಈ ವಿಂಗಡಣೆಯಲ್ಲಿಯೇ ಇರುವುದಷ್ಟೆ. ದಂಡ ಬೈಠಕ್ಕುಗಳೂ, ಗದೆ ತಿರುಗಿಸುವುದೂ, ಕೆಮ್ಮಣ್ಣಿನ ಅಖಾಡವನ್ನು ಅಗೆದು ಹದಮಾಡುವುದೂ ಆ ಪರಂಪರೆಯವೇ. ನಮ್ಮ ಹಳ್ಳಿಗಳ ಅನೇಕ ಗರಡಿಮನೆಗಳಿಗೆ ಈಗ ಬೀಗ ಬಿದ್ದಿರುವುದನ್ನು ನೋಡಿದರೆ ಮನಸ್ಸು ನೋಯುವುದು. ಪಟ್ಟಣದಲ್ಲಿ ಹಣ ತೆತ್ತು ಕನ್ನಡಿಯ ಮುಂದೆ ಕಬ್ಬಿಣವೆತ್ತುವ ತರುಣರನ್ನು ನೋಡಿದರೆ ನಗುವೂ ಬರುವುದು. ಎತ್ತಲಿ, ಬೇಡವೆನ್ನಲಾರೆ.

ಹೊಸದಾಗಿ ಗರಡಿಗೆ ಸೇರಿದ ಹುಡುಗನ ರೆಟ್ಟೆ ಮೊದಲ ಕೆಲವು ವಾರಗಳಲ್ಲಿ ದಪ್ಪವಾಗುವುದಿಲ್ಲ; ಆದರೆ ಬಲ ಹೆಚ್ಚುವುದು. ಆಗ ಕಲಿತುದು ಮಾಂಸವಲ್ಲ, ನರ. ಮಲಗಿದ್ದ ಎಳೆಗಳನ್ನೂ ಎಬ್ಬಿಸಿ ಒಟ್ಟಿಗೆ ದುಡಿಸುವುದನ್ನು ಅದು ಅಭ್ಯಾಸ ಮಾಡಿಕೊಳ್ಳುವುದು. ಅನಂತರ ತಿಂಗಳುಗಳ ಸಾಧನೆಯಿಂದ ಎಳೆಗಳೊಳಗೆ ಹೊಸ ತಂತುಗಳು ಕೂಡಿ ಅವು ತೋರವಾಗುವುವು. ಎಳೆಗಳ ಎಣಿಕೆ ಹೆಚ್ಚುವುದು ತೀರ ಅಪರೂಪ. ಇದ್ದ ಎಳೆಯೇ ದಪ್ಪವಾಗುವುದು. ದೂರದ ನಡಿಗೆ ಓಟಗಳಿಂದ ಅಷ್ಟು ದಪ್ಪವಾಗದು. ಬದಲಾಗಿ ರಕ್ತದ ಸೂಕ್ಷ್ಮನಾಳಗಳೂ, ಸಕ್ಕರೆ ಕೊಬ್ಬುಗಳನ್ನು ಉರಿಸುವ ಕಣಗಳೂ ಹೆಚ್ಚುವುವು. ಕೇಳಿದ ಕೆಲಸಕ್ಕೆ ತಕ್ಕ ಮೈಯನ್ನು ಅದು ಕಟ್ಟಿಕೊಳ್ಳುವುದು. ಕೆಲಸ ಕೇಳದಿದ್ದರೋ, ಕಟ್ಟಿದುದನ್ನು ತಾನೇ ಬಿಚ್ಚಿಹಾಕುವುದು. ಮಾಂಸವನ್ನು ಸಾಕುವುದು ದೇಹಕ್ಕೆ ದುಬಾರಿ. ಬಳಸದ ಎತ್ತಿಗೆ ಹುಲ್ಲು ಹಾಕುವವರಾರು?

ಈ ಬಿಚ್ಚಿಹಾಕುವ ವೇಗವನ್ನು ಜನರು ಊಹಿಸಲಾರರು. 2007ರಲ್ಲಿ ಅಮೆರಿಕದ ವೈದ್ಯರು ಆರೋಗ್ಯವಂತರಾದ ಹನ್ನೆರಡು ಮಂದಿ ವೃದ್ಧರನ್ನು ಹತ್ತು ದಿನ ಹಾಸಿಗೆಯಲ್ಲಿಯೇ ಇರಿಸಿ ಪರೀಕ್ಷಿಸಿ ವರದಿ ಮಾಡಿದರು. ಹತ್ತೇ ದಿನಗಳಲ್ಲಿ ಕಾಲುಗಳಿಂದಲೇ ಸರಾಸರಿ ಸುಮಾರು ಒಂದು ಕಿಲೋಗ್ರಾಂ ಕೊಬ್ಬಲ್ಲದ ಅಂಶವು ಕರಗಿತ್ತು. ಅವರಿಗೆ ರೋಗವಿರಲಿಲ್ಲ, ಊಟಕ್ಕೆ ಕೊರತೆಯಿರಲಿಲ್ಲ. ನಮ್ಮ ತಾಯಿಯವರು ಮಲಗಿದ್ದುದು ಮೂವತ್ತೈದು ದಿನ, ಜ್ವರದ ಮೇಲೆ. ಸಾಲದುದಕ್ಕೆ ಮೊಣಕಾಲಿನ ಕೆಳಗೆ ದಿಂಬಿಟ್ಟು ಮಡಿಸಿಯೇ ಮಲಗಿಸಿದ್ದೆವು. ಗಿಡ್ಡವಾಗಿಯೇ ಇರಿಸಿದ ಖಂಡವು ಸಾಲಿನಲ್ಲಿದ್ದ ಕಣ್ಣುಗಳನ್ನೇ ಕಳೆದುಕೊಂಡು ನಿಜವಾಗಿಯೂ ಗಿಡ್ಡವಾಗುವುದು. ಮೇಲಾಗಿ ಮೂವತ್ತು ವರ್ಷ ದಾಟಿದ ಬಳಿಕ ಹತ್ತು ವರ್ಷಕ್ಕೆ ನೂರರಲ್ಲಿ ಮೂರರಿಂದ ಎಂಟು ಪಾಲಿನಷ್ಟು ಮಾಂಸವು ಹೇಗೂ ಸವೆಯುತ್ತ ಬರುವುದು. ಅರುವತ್ತರ ಮೇಲೆ ಇನ್ನೂ ಬೇಗ. ಅದರಲ್ಲಿಯೂ ಬಿರುಸಿನ ಎಳೆಗಳೇ ಹೆಚ್ಚು ಸೊರಗುವುವು. ಎಡವಿದಾಗ ಥಟ್ಟನೆ ಕಾಲೂರಿ ಬೀಳದಂತೆ ತಡೆಯುವುವು ಆ ಎಳೆಗಳೇ ಅಲ್ಲವೇ?

ಹಾಗಾದರೆ ಮುಪ್ಪಿನಲ್ಲಿ ಕಳೆದುದು ಕಳೆದೇ ಹೋಯಿತೇ? ಇಲ್ಲ. 1990ರಲ್ಲಿ ಅಮೆರಿಕದಲ್ಲಿಯೇ ತೊಂಬತ್ತರ ಆಸುಪಾಸಿನ ಹತ್ತು ಮಂದಿ ವೃದ್ಧರಿಗೆ ಎಂಟು ವಾರ ತೊಡೆಗೆ ಭಾರ ಕೊಟ್ಟು ಅಭ್ಯಾಸ ಮಾಡಿಸಿದರು. ಒಬ್ಬರು ನಡುವೆ ಬಿಟ್ಟರು. ಪೂರ್ತಿ ಮಾಡಿದ ಒಂಬತ್ತು ಮಂದಿಯ ತೊಡೆಯ ಬಲವು ಸರಾಸರಿ ನೂರಕ್ಕೆ 174ರಷ್ಟು ಹೆಚ್ಚಿತು, ಎಂದರೆ ಎರಡೂವರೆ ಪಟ್ಟಿಗಿಂತ ಮಿಗಿಲಾಯಿತು. ಮಾಂಸವೂ ತಕ್ಕಮಟ್ಟಿಗೆ ಬೆಳೆಯಿತು. ಇದನ್ನು ಓದಿದ್ದ ನನಗೆ ಆ ದಿನ ತಾಯಿಯ ಕಣ್ಣೀರು ಕಂಡ ಮೇಲೆ ನೆನಪಾಯಿತು.

ಮರುದಿನದಿಂದ ನಾವು ಮಾಡಿದುದು ಬಹು ಸಾಧಾರಣವಾದ ಕೆಲಸ. ಎತ್ತರದ ಕುರ್ಚಿಯ ಮೇಲೆ ಅವರನ್ನು ಕೂರಿಸಿ, ಇಬ್ಬರು ತೋಳು ಹಿಡಿದು ಏಳಿಸುವುದು, ನಿಧಾನವಾಗಿ ಕೂರಿಸುವುದು. ಮೊದಲ ದಿನ ಮೂರು ಸಲಕ್ಕೆ ತೊಡೆ ನಡುಗಿತು. ಎರಡನೆಯ ವಾರ ಒಬ್ಬರ ನೆರವು ಸಾಕಾಯಿತು. ಕುರ್ಚಿಯ ಬದಲು ಮಣೆ ಬಂದಿತು, ಹಿಡಿದುಕೊಳ್ಳಲು ಕಂಬ. ಸುಲಭವಾಯಿತೆಂದು ಕಂಡ ದಿನವೇ ಸ್ವಲ್ಪ ಕಷ್ಟ ಮಾಡುತ್ತಿದ್ದೆವು. ಏಕೆಂದರೆ ಹಗುರ ಕೆಲಸಕ್ಕೆ ಬಿರುಸಿನ ಎಳೆಗಳು ಎಚ್ಚರವಾಗವೆಂದು ಆಗಲೇ ಹೇಳಿದೆನಷ್ಟೆ. “ಈ ವಯಸ್ಸಿನಾಗೆ ನನ್ನ ಗರಡಿಗೆ ಸೇರಿಸಿದ್ರಿ” ಎಂದು ಅವರು ಬಯ್ಯುತ್ತಲೇ ಮಾಡಿದರು. ಊಟದಲ್ಲಿಯೂ ತಿದ್ದುಪಡಿ ಆಯಿತು. ವಯಸ್ಸಾದವರಿಗೆ ದೇಹದ ತೂಕದ ಕಿಲೋಗ್ರಾಮಿಗೆ ದಿನಕ್ಕೆ ಒಂದರಿಂದ ಒಂದು ಕಾಲು ಗ್ರಾಮಿನ ಸಮೀಪದವರೆಗೆ ಪ್ರೋಟೀನು ಬೇಕು. ಮುದ್ದೆಯನ್ನು ತಿಳಿಸಾರಿನಲ್ಲಿ ನುಂಗಿದರೆ ಅಷ್ಟು ಒದಗದು. ರಾಗಿಯಲ್ಲಿ ಅದು ನೂರಕ್ಕೆ ಏಳರಷ್ಟೇ. ಹುರುಳಿಯಲ್ಲಿ ಇಪ್ಪತ್ತಕ್ಕೂ ಹೆಚ್ಚು, ನಮ್ಮ ಜಗಳೂರಿನ ಹೊಲಗಳಲ್ಲಿಯೇ ಬೆಳೆಯುವ ಶೇಂಗಾದಲ್ಲಿ ಇಪ್ಪತ್ತೈದರಷ್ಟು ಇರುವುದು. ಬೆಳೆದುದನ್ನೆಲ್ಲ ಮಾರಿ ಬರಿಯ ಸಾರು ಉಣ್ಣುವ ಮನೆಗಳು ನಮ್ಮಲ್ಲಿ ಎಷ್ಟಿಲ್ಲ! ಹೊತ್ತುಹೊತ್ತಿಗೆ ಹುರುಳಿ, ಹೆಸರು, ಶೇಂಗಾ ಚಟ್ನಿ, ಮೊಸರು ಅವರ ತಟ್ಟೆಗೆ ಬಿದ್ದವು. ಮೂತ್ರಪಿಂಡದ ಬೇನೆಯುಳ್ಳವರು ಮಾತ್ರ ಇಂಥ ಊಟವನ್ನು ವೈದ್ಯರನ್ನು ಕೇಳಿಯೇ ಮಾಡತಕ್ಕದ್ದು; ಎದೆನೋವಿರುವವರು ಭಾರದ ಅಭ್ಯಾಸವನ್ನೂ ಹಾಗೆಯೇ.

ಮೂರು ತಿಂಗಳಿಗೆ ನಮ್ಮ ತಾಯಿಯವರು ಕೋಲು ಹಿಡಿದು ಗುಡಿಯವರೆಗೆ ಹೋಗಿಬಂದರು. ಆರನೆಯ ತಿಂಗಳಿಗೆ ಕೋಲು ಬಾಗಿಲ ಹಿಂದೆ ಸೇರಿತು. ಈಗ ಎಂಬತ್ತು ವರ್ಷ. ಇಂದೂ ಸಭೆಗೆ ಬಂದಿರುವರು; ಎಲ್ಲಿ ಕುಳಿತಿರುವರೆಂದು ತೋರಿಸಿದರೆ ಮನೆಯಲ್ಲಿ ನನಗೆ ಊಟವಿಲ್ಲ.

ಇನ್ನೊಂದೇ ಮಾತು. ಚನ್ನಗಿರಿಯ ಸೂಳೆಕೆರೆಯ ಏರಿಯನ್ನು ನೋಡದವರು ಈ ಸಭೆಯಲ್ಲಿ ಇರಲಾರರು. ಯಂತ್ರವಿಲ್ಲದ ಕಾಲದಲ್ಲಿ ಆ ಮಣ್ಣೆಲ್ಲವೂ ಮನುಷ್ಯರ ತೋಳು ತೊಡೆಗಳಿಂದಲೂ ದನಗಳ ಹೆಗಲಿನಿಂದಲೂ ಏರಿತು. ಈಗ ಅಡಿಕೆ ಸುಲಿಯಲು ಯಂತ್ರ ಬಂದಿದೆ, ಉಳಲು ಟ್ರ್ಯಾಕ್ಟರು ಬಂದಿದೆ, ನೀರು ನಲ್ಲಿಯಲ್ಲಿ ಬರುವುದು. ಬೆನ್ನು ಮುರಿಯುವ ದುಡಿಮೆ ತಪ್ಪಿದುದಕ್ಕೆ ನಾನು ದುಃಖಿಸುವವನಲ್ಲ. ಆ ದುಡಿಮೆಯಿಂದ ಕೀಲು ಸವೆದವರನ್ನು ಬೇಕಾದಷ್ಟು ನೋಡಿದ್ದೇನೆ. ಆದರೆ ನೆಲದ ಮೇಲೆ ಕೂರುವುದೂ ಏಳುವುದೂ ನಮಗೆ ಉಳಿದಿದ್ದ ಕಡೆಯ ಬೈಠಕ್ಕು. ಅದೂ ಈಗ ತಪ್ಪುತ್ತಿದೆ. ದಾಸೋಹದ ಮನೆಯಲ್ಲಿ ಮೇಜು ಕುರ್ಚಿಗಳ ಸಾಲು ವರ್ಷವರ್ಷಕ್ಕೂ ಬೆಳೆಯುತ್ತಿರುವುದನ್ನು ಕಂಡಿದ್ದೇನೆ. ಮೊಣಕಾಲು ನೋವಿನವರಿಗೆ ಅದು ಬೇಕು. ಉಪನ್ಯಾಸ ಮಾಡುತ್ತಿರುವ ನಾನೂ ಬೆಳಿಗ್ಗೆ ಪ್ರಸಾದವನ್ನು ಮೇಜಿನ ಮೇಲೆಯೇ ಸ್ವೀಕರಿಸಿದೆನೆಂದು ಒಪ್ಪಿಕೊಳ್ಳಬೇಕು. ಮಧ್ಯಾಹ್ನ ಪಂಕ್ತಿಯಲ್ಲಿ ಕೂರುವೆನು. ಪ್ರಸಾದ ಸಿದ್ಧವಾಗಿದೆಯೆಂದು ಕಾರ್ಯಕರ್ತರು ಸನ್ನೆ ಮಾಡುತ್ತಿರುವುದರಿಂದ ಮಾತನ್ನು ನಿಲ್ಲಿಸುತ್ತೇನೆ.